ಮಾಟಗಾತಿಯ ವೇಷಕ್ಕೂ ಮನ್ನಣೆ ಬೇಕು

ಕಾಡಿನ ನಡುವೆ ಕೋಳಿಕಾಲಿನ ಮೇಲೆ ನಿಂತ ಗುಡಿಸಲು. ತನ್ನತ್ತ ತಿರುಗು ಎಂದು ಕಥಾನಾಯಕ ಇವಾನ್ ಗದರಿದರೆ ಗರ್ರನೆ ತಿರುಗುತ್ತದೆ. ಒಳಗಿನಿಂದ ಗೊಣಗುತ್ತ ಬಂದ ಮುದುಕಿ ಅದನ್ನು ಮತ್ತೆ ಕಾಡಿನತ್ತ ತಿರುಗಿಸುತ್ತಾಳೆ. ಇಬ್ಬರ ಹಟಕ್ಕೆ ಸಿಕ್ಕಿ ಗುಡಿಸಲು ಬುಗುರಿಯಾಗುತ್ತದೆ. 1964ರ ಸೋವಿಯತ್ ಚಿತ್ರ ‘ಮೊರೊಜ್ಕೊ’ದ ಈ ಮುದುಕಿ, ರಷ್ಯಾದ ಅಜ್ಜಿಕಥೆಗಳ ಮಾಟಗಾತಿ ಬಾಬಾ ಯಾಗಾ. ಆ ವೇಷದೊಳಗೆ ಇದ್ದದ್ದು ಮಾತ್ರ ಅರವತ್ತರ ಪ್ರಾಯದ ಗಂಡಸು, ಗಿಯೋರ್ಗಿ ಮಿಲ್ಯಾರ್.

ಫ್ರೆಂಚ್ ಎಂಜಿನಿಯರ್‌ ಒಬ್ಬರ ಮಗನಾಗಿ 1903ರಲ್ಲಿ ಮಾಸ್ಕೋದಲ್ಲಿ ಹುಟ್ಟಿದ ಮಿಲ್ಯಾರ್, ನಿರ್ದೇಶಕ ಅಲೆಕ್ಸಾಂಡರ್ ರೋ ಅವರ ಕಣ್ಣಿಗೆ ಬಿದ್ದದ್ದು 1938ರಲ್ಲಿ. ರೋ ಜೊತೆಗಿನ ಮೊದಲ ಚಿತ್ರದಲ್ಲಿ ಪೆದ್ದು ರಾಜ. ಮರುವರ್ಷ ತಯಾರಾದ ‘ಸುಂದರಿ ವಸಿಲಿಸಾ’ದಲ್ಲಿ ಬಾಬಾ ಯಾಗಾ. ಮುಂದೆ ಮೂರು ದಶಕಗಳಲ್ಲಿ ಅದೇ ಮುದುಕಿಯನ್ನು ಇನ್ನೂ ಮೂರು ಸಲ ಆಡಿದರು. ಒಂದು ಸಲವೂ ಹಳೆಯದನ್ನೇ ಒಪ್ಪಿಸಲಿಲ್ಲ. ‘ವಸಿಲಿಸಾ’ದಲ್ಲಿ ಮೈನಡುಗಿಸಿದವಳು ‘ಮೊರೊಜ್ಕೊ’ದಲ್ಲಿ ಸೊಂಟನೋವಿನ ಜಗಳಗಂಟಿ.

ಯುದ್ಧಕಾಲದಲ್ಲಿ ಅವರಿದ್ದ ಸ್ಟುಡಿಯೊ ಮಧ್ಯ ಏಷ್ಯಾದ ಸ್ತಾಲಿನಾಬಾದ್‌ಗೆ ಸ್ಥಳಾಂತರಗೊಂಡಿತ್ತು. ಅಲ್ಲಿ ಮಲೇರಿಯಾದಿಂದ ಎಲುಬಿನ ಹಂದರವಾಗಿದ್ದ ಮಿಲ್ಯಾರ್, ಸಾವಿಲ್ಲದ ರಕ್ಕಸ ಕಶ್ಚೇಯ್‌ನ ವೇಷ ತೊಟ್ಟರು. ಬಡಕಲು ಮೈಯೇ ಪಾತ್ರಕ್ಕೆ ಒದಗಿತು. ಚಿತ್ರ ತೆರೆಗೆ ಬಂದದ್ದು 1945ರಲ್ಲಿ.

ಯಕ್ಷಗಾನ ನೋಡಿದವರಿಗೆ ಇಂಥ ವೇಷದ ತೂಕ ಬಿಡಿಸಿ ಹೇಳಬೇಕಿಲ್ಲ. ಬಣ್ಣದ ವೇಷ ರಂಗಕ್ಕೆ ಬಾರದೆ ರಾತ್ರಿ ಕಳೆಗಟ್ಟುವುದಿಲ್ಲ. ಶೂರ್ಪನಖಿಯ ಹೆಣ್ಣು ಬಣ್ಣ ಕಟ್ಟಲು ಪಳಗಿದ ಕಲಾವಿದನೇ ಬೇಕು. ಸಿನಿಮಾದಲ್ಲೂ ಅಷ್ಟೇ. ಹೆದರಿಸುವವರು ಗಟ್ಟಿಯಾಗಿದ್ದರೆ ಮಾತ್ರ ರಾಜಕುಮಾರನ ಗೆಲುವು ಮಗುವಿಗೆ ಗೆಲುವೆನಿಸುತ್ತದೆ.

ಹಾಗಿದ್ದೂ ಮಕ್ಕಳ ಚಿತ್ರದ ನಟನೆಯನ್ನು ಹಗುರವಾಗಿ ಕಾಣುವ ಚಾಳಿ ಹೋಗಿಲ್ಲ. ಮುಖ ಕಾಣದಷ್ಟು ಮೇಕಪ್ ಮೆತ್ತಿಕೊಂಡು ಕಣ್ಣು, ದನಿ, ನಡಿಗೆಯಲ್ಲೇ ಪಾತ್ರವನ್ನು ಬದುಕಿಸುವುದು ಯಾವ ಗಂಭೀರ ಪಾತ್ರಕ್ಕೂ ಕಡಿಮೆಯ ಕೆಲಸವಲ್ಲ. ಪ್ರಶಸ್ತಿಯ ತಕ್ಕಡಿಯಲ್ಲಿ ಎರಡಕ್ಕೂ ಒಂದೇ ಬಟ್ಟು ಇರಬೇಕು. ‘ರಷ್ಯಾ ಗಣರಾಜ್ಯದ ಜನತಾ ಕಲಾವಿದ’ ಎಂಬ ಗೌರವ ಮಿಲ್ಯಾರ್‌ಗೆ ಸಿಕ್ಕಿದ್ದು 1988ರಲ್ಲಿ, ಎಂಬತ್ತು ದಾಟಿದ ಮೇಲೆ. ಅವರನ್ನು ಬೆಳೆಸಿದ ರೋ ತೀರಿಕೊಂಡು ಆಗಲೇ ಸುಮಾರು 15 ವರ್ಷ ಕಳೆದಿತ್ತು.

1993ರಲ್ಲಿ ಮಿಲ್ಯಾರ್ ತೀರಿಕೊಂಡರು. ಜೆಕ್ ಮನೆಗಳಲ್ಲಿ ಹೊಸವರ್ಷಕ್ಕೆ ಟಿ.ವಿ.ಯಲ್ಲಿ ‘ಮೊರೊಜ್ಕೊ’ ನೋಡುವ ರೂಢಿ ಅವರ ನಂತರವೂ ಉಳಿದಿದೆ. ಕೋಳಿಕಾಲಿನ ಗುಡಿಸಲು ತಿರುಗುತ್ತದೆ, ಮುದುಕಿ ಗೊಣಗುತ್ತ ಹೊರಬರುತ್ತಾಳೆ.