ಹರಿಹರದ ಹೊಳೆ ದಾಟಿದ ಕ್ರಿಕೆಟ್ ಆಟಗಾರ

ನಮ್ಮ ದಾವಣಗೆರೆಯ ಹುಡುಗರಿಗೆ ಕ್ರಿಕೆಟ್ ಎಂದೊಡನೆ ನೆನಪಾಗುವ ಹೆಸರು ವಿನಯ್ ಕುಮಾರ್ ಅವರದು. ‘ದಾವಣಗೆರೆ ಎಕ್ಸ್‌ಪ್ರೆಸ್’ ಎಂದೇ ಹೆಸರಾದ ಅವರು ಕರ್ನಾಟಕ ತಂಡದ ನಾಯಕರಾಗಿ 2013-14 ಮತ್ತು 2014-15ರಲ್ಲಿ ಸತತ ಎರಡು ಬಾರಿ ರಣಜಿ ಟ್ರೋಫಿಯನ್ನು ಗೆದ್ದು ತಂದದ್ದು ನಮ್ಮೆಲ್ಲರ ಹೆಮ್ಮೆ. ಆದರೆ ಅದಕ್ಕೂ ಇನ್ನೂರು ವರ್ಷಗಳಿಗೆ ಮೊದಲೇ ಕ್ರಿಕೆಟ್ ಆಡಿದ್ದ ಸೇನಾಧಿಕಾರಿಯೊಬ್ಬ ನಮ್ಮ ಸೀಮೆಗೆ ಬಂದಿದ್ದ. 1800ನೆಯ ಇಸವಿಯ ಜೂನ್ ತಿಂಗಳಲ್ಲಿ ಅವನು ತನ್ನ ದಂಡಿನೊಡನೆ ಹರಿಹರದ ಬಳಿ ತುಂಗಭದ್ರೆಯನ್ನು ದಾಟಿದ. ಅವನು ಆಟಕ್ಕೆ ಬಂದವನಲ್ಲ, ಚನ್ನಗಿರಿಯಲ್ಲಿ ಹುಟ್ಟಿದ ಒಬ್ಬ ಮನುಷ್ಯನನ್ನು ಬೆನ್ನಟ್ಟಿ ಬಂದವನು. ಅವನೇ ಆರ್ಥರ್ ವೆಲ್ಲೆಸ್ಲಿ. ಮುಂದೆ ವಾಟರ್‌ಲೂ ಕದನದಲ್ಲಿ ನೆಪೋಲಿಯನ್ನನನ್ನು ಸೋಲಿಸಿದ ಡ್ಯೂಕ್ ಆಫ್ ವೆಲ್ಲಿಂಗ್ಟನ್.

ಅವನ ಕ್ರಿಕೆಟ್ಟಿನ ಕಥೆ ಬಹಳ ದೊಡ್ಡದೇನಲ್ಲ. 1792ರ ಆಗಸ್ಟ್‌ನಲ್ಲಿ ಡಬ್ಲಿನ್ ನಗರದ ಫೀನಿಕ್ಸ್ ಪಾರ್ಕಿನಲ್ಲಿ ಅಲ್ಲಿನ ಸೈನ್ಯದ ತಂಡಕ್ಕೂ ‘ಆಲ್ ಐರ್ಲೆಂಡ್’ ತಂಡಕ್ಕೂ ಪಣ ಕಟ್ಟಿ ಒಂದು ಪಂದ್ಯ ನಡೆಯಿತು. ಐರ್ಲೆಂಡಿನಲ್ಲಿ ನಡೆದ ಕ್ರಿಕೆಟ್ ಪಂದ್ಯಗಳ ಮೊದಲ ದಾಖಲೆಗಳಲ್ಲಿ ಇದೂ ಒಂದು. ಆಗಿನ್ನೂ ‘ವೆಸ್ಲಿ’ ಎಂದು ಬರೆದುಕೊಳ್ಳುತ್ತಿದ್ದ ನಮ್ಮ ಆರ್ಥರ್, ಆಲ್ ಐರ್ಲೆಂಡ್ ಪರವಾಗಿ ಆಡಿ ಮೊದಲ ಇನಿಂಗ್ಸ್‌ನಲ್ಲಿ 5, ಎರಡನೆಯದರಲ್ಲಿ 1 ಓಟ ಗಳಿಸಿದ. ಅವನ ತಂಡ ಹೀನಾಯವಾಗಿ ಸೋತಿತು. ಗೆದ್ದ ಪಕ್ಷದ ಮುಖಂಡ ಚಾರ್ಲ್ಸ್ ಲೆನಾಕ್ಸ್. ಮುಂದೆ ರಿಚ್ಮಂಡಿನ ಡ್ಯೂಕ್ ಆದ ಈ ಲೆನಾಕ್ಸನ ಹೆಂಡತಿಯೇ ವಾಟರ್‌ಲೂ ಯುದ್ಧಕ್ಕೆ ಮೂರು ದಿನ ಮೊದಲು ಬ್ರಸೆಲ್ಸಿನಲ್ಲಿ ಆ ಪ್ರಸಿದ್ಧ ನೃತ್ಯಕೂಟವನ್ನು ಏರ್ಪಡಿಸಿದವಳು. ವಾಟರ್‌ಲೂ ಕದನವನ್ನು ಈಟನ್ ಶಾಲೆಯ ಆಟದ ಬಯಲಿನಲ್ಲೇ ಗೆದ್ದದ್ದು ಎಂಬ ಮಾತನ್ನು ವೆಲ್ಲಿಂಗ್ಟನ್ನನ ಬಾಯಲ್ಲಿ ಇಡುತ್ತಾರಲ್ಲ, ಅದು ಅವನು 1852ರಲ್ಲಿ ತೀರಿಕೊಂಡ ಮೇಲೆ ಹುಟ್ಟಿಕೊಂಡದ್ದು. ಕೇರಳದ ತಲಚೇರಿಯವರಂತೂ ತಮ್ಮೂರಿಗೆ ಕ್ರಿಕೆಟ್ಟನ್ನು ತಂದವನು ವೆಲ್ಲೆಸ್ಲಿಯೇ ಎಂದು ಇಂದಿಗೂ ಅಭಿಮಾನದಿಂದ ಹೇಳಿಕೊಳ್ಳುತ್ತಾರೆ. ಹೇಳಿಕೊಳ್ಳಲಿ.

ನನ್ನ ತಕರಾರು ಇರುವುದು ಬೇರೊಂದು ವಿಷಯದಲ್ಲಿ. ಈ ಬೇಟೆಯ ಕಥೆಯಲ್ಲಿ ಬೇಟೆಗಾರನ ಹೆಸರು ಜಗತ್ತಿಗೆಲ್ಲ ಗೊತ್ತು. ಬೇಟೆಯಾದವನ ಹೆಸರು ಅವನ ಸ್ವಂತ ನೆಲದಲ್ಲೇ ಎಷ್ಟು ಜನರಿಗೆ ಗೊತ್ತಿದೆ?

ಅವನು ಧೋಂಡಿಯ ವಾಘ್. ಮರಾಠ ಮನೆತನದವನು. ಹೈದರಾಲಿಯ ಕುದುರೆ ದಂಡಿನಲ್ಲಿದ್ದು, ಆಮೇಲೆ ತನ್ನದೇ ಗುಂಪು ಕಟ್ಟಿಕೊಂಡು ತುಂಗಭದ್ರೆಯ ಆಚೆಗೆ ಸುಲಿಗೆಗಿಳಿದವನು. ಟಿಪ್ಪು ಅವನನ್ನು ಕರೆಸಿಕೊಂಡು, ಮತ ಬದಲಿಸಿ, ಕಡೆಗೆ ಶ್ರೀರಂಗಪಟ್ಟಣದ ಸೆರೆಯಲ್ಲಿ ಸಂಕೋಲೆ ಹಾಕಿ ಇರಿಸಿದ್ದ. 1799ರ ಮೇ 4ರಂದು ಕೋಟೆ ಬಿದ್ದಾಗ ಸೆರೆಯಾಳುಗಳೊಡನೆ ಅವನಿಗೂ ಬಿಡುಗಡೆಯಾಯಿತು. ಬಿಡಿಸಿದವರು ಇಂಗ್ಲಿಷರೇ ಎಂಬುದು ಇಲ್ಲಿನ ವಿನೋದ! ಟಿಪ್ಪುವಿನ ಚೆದುರಿದ ಸೈನಿಕರು ಅವನ ಸುತ್ತ ಸೇರಿದರು. ಬಿದನೂರು, ಶಿವಮೊಗ್ಗ ಸೀಮೆಗಳನ್ನು ಹಿಡಿದ. ಇಂಗ್ಲಿಷ್ ದಂಡು ಹೊನ್ನಾಳಿ, ಶಿಕಾರಿಪುರಗಳ ಮಾರ್ಗವಾಗಿ ಅಟ್ಟಿದಾಗ ಮರಾಠರ ಸೀಮೆಗೆ ನುಸುಳಿ, ಮರುವರ್ಷ ಇನ್ನೂ ದೊಡ್ಡ ಪಡೆಯೊಡನೆ ಎದ್ದು ನಿಂತು, ಎರಡೂ ಲೋಕಗಳಿಗೆ ತಾನೇ ಒಡೆಯನೆಂದು ಬಿರುದು ಹೊತ್ತ.

ಮದರಾಸಿನ ಸರ್ಕಾರ ವೆಲ್ಲೆಸ್ಲಿಗೆ ಕೊಟ್ಟ ಆಜ್ಞೆ ಚಿಕ್ಕದು: ಅವನು ಎಲ್ಲಿದ್ದರೂ ಬೆನ್ನಟ್ಟಿ, ಸಿಕ್ಕ ಮೊದಲ ಮರಕ್ಕೆ ನೇಣು ಹಾಕು. ವಿಚಾರಣೆಯ ಮಾತೇ ಇಲ್ಲ. ಕ್ರಿಕೆಟ್ಟನ್ನು ಸಭ್ಯರ ಆಟವೆನ್ನುವವರು, ಅಂಪೈರು ಬೆರಳೆತ್ತುವವರೆಗೆ ಯಾರೂ ಔಟಲ್ಲ ಎನ್ನುವವರು, ಈ ಆಜ್ಞೆಯನ್ನು ಒಮ್ಮೆ ಓದಬೇಕು.

ವೆಲ್ಲೆಸ್ಲಿ ಈ ಕೆಲಸಕ್ಕಾಗಿ ಬಟೇವಿಯಾ ದಂಡಯಾತ್ರೆಯ ನಾಯಕತ್ವವನ್ನೇ ಬಿಟ್ಟುಕೊಟ್ಟ. ಅವನ ಪತ್ರಗಳನ್ನು ಓದಿದರೆ ಅಲ್ಲಿ ಶೌರ್ಯದ ಮಾತಿಗಿಂತ ಎತ್ತು, ಅಕ್ಕಿ, ಹರಿಗೋಲುಗಳ ಮಾತೇ ಹೆಚ್ಚು. ಮುಂಗಾರಿನಲ್ಲಿ ನಮ್ಮ ಹೊಳೆ ಹೇಗೆ ಉಕ್ಕುತ್ತದೆಂಬುದು ಸಾರಥಿ, ಹರಿಹರದ ಕಡೆಯವರಾದ ನಿಮಗೆ ನಾನು ಹೇಳಬೇಕೇ? ಆ ಲೆಕ್ಕಾಚಾರವೇ ಅವನನ್ನು ಗೆಲ್ಲಿಸಿತು. ಹೊಳೆ ದಾಟಿ ರಾಣೆಬೆನ್ನೂರು, ಸವಣೂರು, ಕುಂದಗೋಳ, ಡಂಬಳಗಳ ಮೂಲಕ ಅವನು ಬೆನ್ನುಹತ್ತಿದ. ಜುಲೈ 30ರಂದು ಮಲಪ್ರಭೆಯ ದಡದ ಮನೋಳಿಯ ಬಳಿ ಧೋಂಡಿಯನ ಪಾಳೆಯ ಧೂಳಾಯಿತು. ಸೆಪ್ಟೆಂಬರ್ 10ರಂದು ಕೃಷ್ಣಾ-ತುಂಗಭದ್ರೆಗಳ ನಡುವಿನ ಬಯಲಿನ ಕೋನಗಲ್ ಎಂಬಲ್ಲಿ, ವೆಲ್ಲೆಸ್ಲಿ ತಾನೇ ನಾಲ್ಕು ಕುದುರೆ ರೆಜಿಮೆಂಟುಗಳ ಮುಂದೆ ನಿಂತು ಮೇಲೆ ಬಿದ್ದ. ಧೋಂಡಿಯ ಕಾದಾಡಿ ಸತ್ತ. ಅವನ ಹೆಣವನ್ನು ಫಿರಂಗಿಗೆ ಕಟ್ಟಿ ಪಾಳೆಯಕ್ಕೆ ತಂದರು. ಮರದ ಅಗತ್ಯ ಬೀಳಲಿಲ್ಲ.

ಧೋಂಡಿಯನನ್ನು ಸ್ವಾತಂತ್ರ್ಯವೀರನೆಂದು ಹೂಮಾಲೆ ಹಾಕಿ ಕೂರಿಸಲು ನನ್ನ ಮನಸ್ಸು ಒಪ್ಪದು. ಅವನ ಕುದುರೆಗಳು ತುಳಿದದ್ದೂ ನಮ್ಮ ರೈತರ ಜೋಳದ ಹೊಲಗಳನ್ನೇ. ಆದರೆ ಅವನನ್ನು ಬರಿಯ ದರೋಡೆಕೋರನೆಂದು ಕರೆದ ಕಂಪನಿಯವರೇ ಶ್ರೀರಂಗಪಟ್ಟಣದ ಕೊಳ್ಳೆಯನ್ನು ಬಹುಮಾನದ ಹಣವೆಂದು ಹುದ್ದೆಗೆ ತಕ್ಕಂತೆ ಹಂಚಿಕೊಂಡವರು. ಅಣ್ಣ ಗವರ್ನರ್ ಜನರಲ್ ಆಗಿದ್ದುದರಿಂದ ತಮ್ಮನಿಗೆ ಪಟ್ಟಣದ ಅಧಿಕಾರ ಸುಲಭವಾಗಿ ಸಿಕ್ಕಿತೆಂಬ ಗೊಣಗಾಟ ಅವರ ದಂಡಿನಲ್ಲೇ ಇತ್ತು. ಗೆದ್ದವನು ಇಟ್ಟ ಹೆಸರನ್ನೇ ನಾವೂ ಹಿಡಿದುಕೊಂಡಿರಬೇಕೇ? 1997ರಲ್ಲಿ ಚನ್ನಗಿರಿ, ಹೊನ್ನಾಳಿ ತಾಲ್ಲೂಕುಗಳು ದಾವಣಗೆರೆ ಜಿಲ್ಲೆಗೆ ಸೇರಿದವು. ಈ ಕಥೆಯೂ ಅವುಗಳೊಡನೆ ನಮಗೆ ಸೇರಿದೆ. ಧೋಂಡಿಯನ ಒಳಿತು ಕೆಡುಕು ಎರಡನ್ನೂ ನಮ್ಮ ಶಾಲೆಗಳಲ್ಲಿ ಹೇಳಬೇಕೆಂಬುದು ನನ್ನ ವಾದ. ನಿಮ್ಮಲ್ಲಿ ಮೇಷ್ಟರಾಗಿರುವವರು ಇದನ್ನು ಗಮನಿಸಿ.

ವೆಲ್ಲೆಸ್ಲಿಯ ಬಗೆಗೂ ಒಂದು ಮಾತು ಹೇಳದಿದ್ದರೆ ಅನ್ಯಾಯವಾದೀತು. ಕೋನಗಲ್ಲಿನಲ್ಲಿ ಸಿಕ್ಕ ಸಾಮಾನಿನ ಬಂಡಿಗಳ ನಡುವೆ ಧೋಂಡಿಯನ ಎಳೆಯ ಮಗ ಸಲಾಬತ್ ಖಾನ್ ಇದ್ದ. ಅವನನ್ನು ವೆಲ್ಲೆಸ್ಲಿ ತನ್ನ ಡೇರೆಗೆ ಕರೆತಂದು ಸಲಹಿದ. 1805ರಲ್ಲಿ ಭಾರತವನ್ನು ಬಿಡುವಾಗ ಹುಡುಗನ ಖರ್ಚಿಗೆಂದು ಶ್ರೀರಂಗಪಟ್ಟಣದ ಅಧಿಕಾರಿಯ ಕೈಯಲ್ಲಿ ಹಣವಿಟ್ಟು ಹೋದ. ಸಲಾಬತ್ ಖಾನ್ ಬೆಳೆದು ಮೈಸೂರು ಅರಸರ ಸೇವೆಗೆ ಸೇರಿ, 1822ರಲ್ಲಿ ಕಾಲರಾ ಬೇನೆಯಿಂದ ತೀರಿಕೊಂಡ. ತಂದೆಯ ಚನ್ನಗಿರಿಯನ್ನು ಅವನು ಒಮ್ಮೆಯಾದರೂ ನೋಡಿದ್ದನೋ ಎಂದು ನಾನು ಆಗಾಗ ಯೋಚಿಸುವುದುಂಟು.