ಎರಡು ಕನ್ನಡಿ, ಒಂದು ಬಿಸಿಲುಕೋಲು

ಹೆಮ್ಮಿಗೆಯ ಹಳೆಯ ಹಂಚಿನ ಮನೆಗಳಲ್ಲಿ ಬೆಳೆದವರಿಗೆ ಬಿಸಿಲುಕೋಲು ಗೊತ್ತು. ಹಂಚಿನ ಸಂದಿಯಿಂದ ಇಳಿದ ಬೆಳಕು ಒಲೆಯ ಹೊಗೆಯಲ್ಲಿ ಕೋಲಿನಂತೆ ನಿಲ್ಲುತ್ತದೆ. ಹೊಗೆ, ದೂಳಿನ ಕಣಗಳು ಬೆಳಕನ್ನು ಚದುರಿಸಿದಾಗಲೇ ಅದರ ಹಾದಿ ಕಣ್ಣಿಗೆ ಬೀಳುವುದು. ಪಠ್ಯಪುಸ್ತಕದಲ್ಲಿ ಇದು ಟಿಂಡಾಲ್ ಪರಿಣಾಮ.

ಇದನ್ನೇ ಬೆಳ್ಳಿತೆರೆಗೆ ತಂದವರು ಮೈಸೂರಿನಲ್ಲಿ 1923ರಲ್ಲಿ ಹುಟ್ಟಿದ ಛಾಯಾಗ್ರಾಹಕ ವಿ.ಕೆ. ಮೂರ್ತಿ. ಗುರುದತ್ತರ ‘ಕಾಗಜ್ ಕೆ ಫೂಲ್’ (1959) ಭಾರತದ ಮೊದಲ ಸಿನಿಮಾಸ್ಕೋಪ್ ಚಿತ್ರ. ಅದರ ಒಂದು ಹಾಡಿಗೆ ಸ್ಟುಡಿಯೋದ ಕತ್ತಲಲ್ಲಿ ದಪ್ಪನೆಯ ಬೆಳಕಿನ ಕಂಬ ಬೇಕಿತ್ತು. ದೀಪದ ಬೆಳಕು ಹರಡಿಕೊಳ್ಳುತ್ತದೆ. ಬಲು ದೂರದಿಂದ ಬರುವ ಸೂರ್ಯಕಿರಣಗಳು ಹೆಚ್ಚುಕಡಿಮೆ ಸಮಾಂತರ. ಮೂರ್ತಿಯವರು ಹೊರಗಿನ ಬಿಸಿಲನ್ನು ಒಂದು ದೊಡ್ಡ ಕನ್ನಡಿಯಿಂದ ಒಳಕ್ಕೆ ತಿರುಗಿಸಿ, ಇನ್ನೊಂದರಿಂದ ಕೆಳಗಿಳಿಸಿದರು. ಆ ಬೆಳಕಿನಲ್ಲಿ ಗುರುದತ್ತ್, ವಹೀದಾ ರೆಹಮಾನ್ ಮಾತಿಲ್ಲದೆ ನಿಲ್ಲುತ್ತಾರೆ. ಚಿತ್ರ ಸೋತಿತು, ಛಾಯಾಗ್ರಹಣಕ್ಕೆ ಫಿಲ್ಮ್‌ಫೇರ್ ಪ್ರಶಸ್ತಿ ಬಂತು.

“ಕ್ಯಾಮರಾ ಹಿಡಿದರೆ ಹೊಟ್ಟೆ ತುಂಬುತ್ತದೆಯೇ ಮೇಷ್ಟ್ರೇ?” ಎಂದು ಪೋಷಕರೊಬ್ಬರು ಕೇಳಿದ್ದರು. ಕೇಳಬೇಕಾದ ಪ್ರಶ್ನೆಯೇ. ಮೂರ್ತಿಯವರು ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಡಿಪ್ಲೊಮಾ ಮುಗಿಸಿದ್ದು 1946ರಲ್ಲಿ. ಗುರುದತ್ತರಿಗೆ ಛಾಯಾಗ್ರಾಹಕರಾಗಿದ್ದು 1952ರ ‘ಜಾಲ್’ ಚಿತ್ರದಲ್ಲಿ. ನಡುವಿನ ವರ್ಷಗಳೆಲ್ಲ ಸಹಾಯಕನ ದುಡಿಮೆ. 2008ರ ಸಾಲಿನ ಫಾಲ್ಕೆ ಪ್ರಶಸ್ತಿ ಸಂದಾಗ, ಅದನ್ನು ಪಡೆದ ಮೊದಲ ಛಾಯಾಗ್ರಾಹಕ ಅವರೇ.

“ಮಗನಿಗೆ ಆರು ವರ್ಷ ಕಾಯುವ ತಾಳ್ಮೆ ಇದೆಯೇ, ವಿಚಾರಿಸಿ” ಎಂದೆ. ಹುಡುಗ ಮರುದಿನ ಮನೆಯ ಎರಡು ಕನ್ನಡಿಗಳನ್ನು ಶಾಲೆಗೆ ಹೊತ್ತು ತಂದಿದ್ದ. ಅಪ್ಪನಿಗೆ ಹೇಳಿದ್ದನೋ ಇಲ್ಲವೋ.