ಹಾಡಿದವರು ಯಾರು ಸ್ವಾಮಿ?

ನಮ್ಮಜ್ಜಿ ಹಾಡಿದ ಸೋಬಾನೆ ಪದವೊಂದು ಪುಸ್ತಕದಲ್ಲಿ ಅಚ್ಚಾಗಿದೆ. ಅಜ್ಜಿಯ ಹೆಸರು ಮಾತ್ರ ಆ ಪುಸ್ತಕದಲ್ಲಿ ಎಲ್ಲೂ ಇಲ್ಲ.

ನಾನು ಹೈಸ್ಕೂಲಿನಲ್ಲಿದ್ದಾಗ ಒಬ್ಬರು ಮೇಷ್ಟ್ರು ಟೇಪ್ ರೆಕಾರ್ಡರ್ ಹಿಡ್ಕೊಂಡು ನಮ್ಮೂರಿಗೆ ಬಂದಿದ್ರು. ಎರಡು ದಿನ ನಮ್ಮ ಜಗಲಿ ಮೇಲೆ ಕೂತು, ಅಜ್ಜಿ ಮತ್ತು ಅವಳ ಜೊತೆಯವರ ಕೈಲಿ ಹಾಡಿಸಿ, ಮುದ್ದೆ ಸಾರು ಉಂಡು, ಮೂರು ಕ್ಯಾಸೆಟ್ ತುಂಬಿಸ್ಕೊಂಡು ಹೋದ್ರು. ಒಳ್ಳೆ ಮನುಷ್ಯರೇ, ಬೈಯೋಕೆ ಮನಸ್ಸು ಬರಲ್ಲ. ಮೊನ್ನೆ ಹಳೇ ಪುಸ್ತಕದ ಅಂಗಡಿಯಲ್ಲಿ ಅವರು ಮಾಡಿದ ಸಂಕಲನ ಸಿಕ್ಕಿತು. ಮುಖಪುಟದ ಮೇಲೆ ಸಂಪಾದಕರ ಹೆಸರಿದೆ. ಒಳಗೆ ಮುನ್ನುಡಿ ಬರೆದವರ ಹೆಸರು, ಕರಡು ತಿದ್ದಿದವರ ಹೆಸರು, ಡಿಟಿಪಿ ಮಾಡಿದವರ ಹೆಸರು, ಮುದ್ರಣಾಲಯದ ವಿಳಾಸ ಎಲ್ಲವೂ ಇದೆ. ಪದಗಳ ಕೆಳಗೆ ಮಾತ್ರ ಒಂದೇ ಸಾಲು: ‘ಹಾಡಿದವರು: ಗ್ರಾಮದ ಮಹಿಳೆಯರು.’

ಹಾಗಾದರೆ ಅದು ಅಜ್ಜಿಯ ಪದವೇ ಅಂತ ನನಗೆ ಹೇಗೆ ಗೊತ್ತಾಯ್ತು? ಅದರಲ್ಲಿ ನಮ್ಮೂರ ಕೆರೆ ಏರಿ ಇದೆ, ನಮ್ಮ ಚಿಕ್ಕತ್ತೆಯ ಹೆಸರಿದೆ. ಅಜ್ಜಿ ಯಾರ ಮದುವೆಯಲ್ಲಿ ಹಾಡಿದರೂ ಆ ಮದುವೆ ಹೆಣ್ಣಿನ ಹೆಸರು ಸೇರಿಸಿ ಹಾಡೋಳು. ಮೇಷ್ಟ್ರ ಮುಂದೆ ಹಾಡುವಾಗ ಮದುವೆ ಹೆಣ್ಣು ಯಾರೂ ಇರಲಿಲ್ಲವಲ್ಲ, ಮಗಳ ಹೆಸರು ಸೇರಿಸಿದ್ದಾಳೆ. ಪುಸ್ತಕದ ಅಡಿಟಿಪ್ಪಣಿಯಲ್ಲಿ ಇದನ್ನು ‘ಪಾಠಾಂತರ’ ಅಂತ ಕರೆದಿದ್ದಾರೆ. ನಮ್ಮತ್ತೆ ಪಾಠಾಂತರ!

ಈ ಮಾತನ್ನು ಎತ್ತಿದಾಗಲೆಲ್ಲ ನನಗೆ ಸಿಗುವ ಉತ್ತರ ಒಂದೇ: ‘ಜಾನಪದಕ್ಕೆ ಕರ್ತೃ ಇರೋದಿಲ್ಲಪ್ಪ, ಅದು ಸಮುದಾಯದ ಆಸ್ತಿ.’ ಕೇಳೋಕೆ ಚೆನ್ನಾಗಿದೆ. ಆದರೆ ಈ ಮಾತಿನ ಹಿಂದೆ ಒಂದು ನಂಬಿಕೆ ಅಡಗಿದೆ. ಹಾಡು ಎಲ್ಲೋ ಮೊದಲೇ ತಯಾರಾಗಿದೆ, ಹಾಡುವವರು ಅದನ್ನು ತಲೆಯಲ್ಲಿ ಹೊತ್ತು ತಿರುಗುವ ಹಾರ್ಡ್ ಡಿಸ್ಕ್ ಇದ್ದಂತೆ, ನಾವು ಹೋಗಿ ಕಾಪಿ ಮಾಡಿಕೊಂಡು ಬಂದರೆ ಮುಗೀತು ಅನ್ನುವ ನಂಬಿಕೆ. ಇದು ತಪ್ಪು. ತಪ್ಪು ಅಂತ ಗೊತ್ತಾಗಿ ದಶಕಗಳೇ ಕಳೆದಿವೆ.

1930ರ ದಶಕದಲ್ಲಿ ಅಮೆರಿಕದ ವಿದ್ವಾಂಸ ಮಿಲ್ಮನ್ ಪ್ಯಾರಿ ಯುಗೊಸ್ಲಾವಿಯಾಕ್ಕೆ ಹೋಗಿ ಕಥನಗೀತೆ ಹಾಡುವವರನ್ನು ರೆಕಾರ್ಡ್ ಮಾಡಿದ. ಜೊತೆಗಿದ್ದ ಶಿಷ್ಯ ಆಲ್ಬರ್ಟ್ ಲಾರ್ಡ್ ಮುಂದೆ 1960ರಲ್ಲಿ ‘ದ ಸಿಂಗರ್ ಆಫ್ ಟೇಲ್ಸ್’ ಅನ್ನೋ ಪುಸ್ತಕ ಬರೆದ. ಅದರಲ್ಲೊಂದು ಪ್ರಸಂಗ ಬರುತ್ತೆ. ಅವ್ದೊ ಮೆಜೆದೊವಿಚ್ ಎಂಬ ಹಾಡುಗಾರನ ಎದುರಿಗೆ ಇನ್ನೊಬ್ಬ ಹಾಡುಗಾರನಿಂದ ಒಂದು ಕತೆ ಹಾಡಿಸಿದರು. ಅವ್ದೊ ಅದನ್ನು ಅದಕ್ಕೂ ಮುಂಚೆ ಕೇಳಿರಲಿಲ್ಲ. ಕೇಳಿಸಿಕೊಂಡ ಮೇಲೆ ತಾನೂ ಹಾಡಿದ. ಮೊದಲನೆಯವನದು 2,294 ಸಾಲು, ಅವ್ದೊನದು 6,313 ಸಾಲು! ಕತೆ ಅದೇ, ಆದರೆ ವರ್ಣನೆ, ಮಾತು, ಪಾತ್ರಗಳ ಒಳಗುದಿ ಎಲ್ಲ ಅವನದೇ. ಇನ್ನೂ ಒಂದು ವಿಷಯವಿದೆ. ಅಲ್ಲಿನ ಹಾಡುಗಾರರು ತಾವು ಒಂದಕ್ಷರವೂ ಬದಲಿಸದೆ ಹಾಡುತ್ತೇವೆ ಅಂತಲೇ ಹೇಳುತ್ತಿದ್ದರು. ರೆಕಾರ್ಡಿಂಗ್ ಹೋಲಿಸಿ ನೋಡಿದರೆ ಹಾಗಿರಲಿಲ್ಲ. ನಮ್ಮಜ್ಜಿಯೂ ಅಷ್ಟೇ, ‘ನಮ್ಮವ್ವ ಹೇಳ್ಕೊಟ್ಟಂಗೇ ಹಾಡದು ಕಣಪ್ಪ’ ಅನ್ನೋಳು. ಅವರವ್ವ ಹೇಳಿಕೊಟ್ಟಾಗ ನಮ್ಮ ಚಿಕ್ಕತ್ತೆ ಹುಟ್ಟೇ ಇರಲಿಲ್ಲ.

ಅಂದರೆ ನೆನಪು ಅನ್ನೋದು ಇಲ್ಲಿ ಕಾಪಿ ಅಲ್ಲ, ಕಟ್ಟುವ ಕಸುಬು. ಕತೆ, ಧಾಟಿ, ಸೊಲ್ಲು ಸಮುದಾಯದ್ದು, ಒಪ್ಪಿದೆ. ಆದರೆ ಅವತ್ತು ಆ ಜಗಲಿಯ ಮೇಲೆ ಹುಟ್ಟಿದ ಪದ ಅವಳದು. ಸಂಪಾದಕರ ಹೆಸರು ಮುಖಪುಟಕ್ಕೆ ಬರುವಾಗ ಇಲ್ಲದ ಸಮುದಾಯ, ಅಜ್ಜಿಯ ಹೆಸರು ಬರೆಯುವಾಗ ಮಾತ್ರ ಎಲ್ಲಿಂದ ಬರುತ್ತೆ?

ಮನಸ್ಸು ಮಾಡಿದರೆ ಸರಿಯಾಗಿ ಮಾಡಬಹುದು ಅನ್ನೋದಕ್ಕೆ ನಮ್ಮಲ್ಲೇ ಉದಾಹರಣೆಯಿದೆ. 1990ರ ಡಿಸೆಂಬರಿನಲ್ಲಿ ಫಿನ್ಲೆಂಡಿನ ಲೌರಿ ಹಾಂಕೊ, ನಮ್ಮ ಬಿ. ಎ. ವಿವೇಕ ರೈ, ಕೆ. ಚಿನ್ನಪ್ಪ ಗೌಡ ಮುಂತಾದವರು ಸೇರಿ ತುಳುವಿನ ಸಿರಿ ಮಹಾಕಾವ್ಯವನ್ನು ದಕ್ಷಿಣ ಕನ್ನಡದಲ್ಲಿ ದಾಖಲಿಸಿದರು. 1998ರಲ್ಲಿ ಪ್ರಕಟವಾದಾಗ 15,683 ಸಾಲುಗಳಿದ್ದವು. ಪುಸ್ತಕದ ಹೆಸರಿನ ಜೊತೆಗೇ ಹಾಡಿದ ಗೋಪಾಲ ನಾಯ್ಕರ ಹೆಸರು ಅಚ್ಚಾಯಿತು. ಅವರು ಹೇಗೆ ಕಲಿತರು, ಹೇಗೆ ಕಟ್ಟುತ್ತಾರೆ ಅಂತ ಬೇರೆ ಒಂದು ಸಂಪುಟವೇ ಬಂತು. ಅದರಿಂದ ಸಿರಿಯೇನೂ ಸಮುದಾಯದ ಕೈತಪ್ಪಿ ಹೋಗಲಿಲ್ಲ.

1931ರಲ್ಲಿ ‘ಗರತಿಯ ಹಾಡು’ ತಂದ ಹಲಸಂಗಿ ಗೆಳೆಯರ ಮೇಲೆ ನನಗೆ ದೂರಿಲ್ಲ. ಅವರ ಕೈಲಿದ್ದದ್ದು ಕಾಗದ ಮತ್ತು ಪೆನ್ನು, ಅಷ್ಟರಲ್ಲಿ ಅವರು ಮಾಡಿದ್ದೇ ದೊಡ್ಡದು. ಆದರೆ ಟೇಪ್ ಬಂದ ಮೇಲೆ? ದನಿ ಹಿಡಿದು ತಂದು, ಅದನ್ನು ಅಕ್ಷರ ಮಾಡಿ, ಅಕ್ಷರವನ್ನು ಪಿಎಚ್‌ಡಿ ಮಾಡಿ, ಟೇಪನ್ನು ಅಲ್ಮೇರಾಕ್ಕೆ ಎಸೆದರೆ ಅದಕ್ಕೆ ಏನನ್ನಬೇಕು? ಸೊಲ್ಲು ಮತ್ತೆ ಮತ್ತೆ ಬರುತ್ತೆ ಅಂತ ‘ಪುನರಾವರ್ತನೆ’ ಎಂದು ಕತ್ತರಿಸುತ್ತಾರೆ. ಮುಂದಿನ ಸಾಲು ಕಟ್ಟೋಕೆ ಅವಳಿಗೆ ಸಿಗ್ತಾ ಇದ್ದ ಉಸಿರೇ ಆ ಸೊಲ್ಲು! ಕ್ಯಾಸೆಟ್ಟಿನ ಪಟ್ಟಿಗೂ ಆಯಸ್ಸಿದೆ. ತೇವಕ್ಕೆ, ಬೂಷ್ಟಿಗೆ ಅದು ಹಾಳಾಗುತ್ತೆ. ನಾವು ‘ಉಳಿಸಿದ್ದೇವೆ’ ಅಂತ ಭಾಷಣ ಮಾಡುತ್ತಿರುವಾಗಲೇ ಹಾಳಾಗುತ್ತಿರುತ್ತೆ.

ನಾನು ಕೆಲಸ ಮಾಡುವ ಜಾಗದಲ್ಲಿ ಕೋಡಿನಲ್ಲಿ ಒಂದು ಅಲ್ಪವಿರಾಮ ತಿದ್ದಿದರೂ ತಿದ್ದಿದವರ ಹೆಸರು, ದಿನ, ಹೊತ್ತು ಗಿಟ್‌ನಲ್ಲಿ ಉಳಿಯುತ್ತೆ. ಎರಡು ದಿನ ಹಾಡಿದವಳಿಗೆ ಅಷ್ಟೂ ಇಲ್ಲ. ಕಾನೂನಾದರೂ ಮುಂದಿದೆ. ನಮ್ಮ ಕಾಪಿರೈಟ್ ಕಾಯ್ದೆಗೆ 1994ರ ತಿದ್ದುಪಡಿಯಲ್ಲಿ ಹಾಡುಗಾರರಂಥ ಪ್ರದರ್ಶಕರ ಹಕ್ಕು ಸೇರಿತು. 2012ರಲ್ಲಿ ತಮ್ಮ ಪ್ರದರ್ಶನಕ್ಕೆ ತಮ್ಮ ಹೆಸರು ಹೇಳಿಸಿಕೊಳ್ಳುವ ಹಕ್ಕೂ ಸೇರಿತು. ಸಿನಿಮಾದಲ್ಲಿ ಹಾಡಿದವರು ಮಾತ್ರ ಹಾಡುಗಾರರು ಅಂತ ಅದರಲ್ಲೇನೂ ಬರೆದಿಲ್ಲ.

ಹಾಗಾಗಿ ಜಾನಪದ ಪುಸ್ತಕ ತರುವವರಲ್ಲಿ ನನ್ನ ಬೇಡಿಕೆ ಇಷ್ಟೇ. ಹಾಡಿದವರು ಒಪ್ಪಿದರೆ ಪ್ರತಿ ಪದದ ಕೆಳಗೂ ಅವರ ಹೆಸರು, ಊರು, ಹಾಡಿದ ದಿನ ಹಾಕಿ. ದನಿಯಿಲ್ಲದೆ ಪುಸ್ತಕ ತರಬೇಡಿ. ಪುಟದ ಮೂಲೆಯಲ್ಲಿ ಒಂದು ಕ್ಯೂಆರ್ ಕೋಡ್ ಹಾಕಿದರೆ ಓದುವವರು ಫೋನಿನಲ್ಲೇ ಕೇಳಬಹುದು. ಅಲ್ಮೇರಾದಲ್ಲಿರುವ ಕ್ಯಾಸೆಟ್ಟುಗಳನ್ನು ಡಿಜಿಟಲ್ ಮಾಡಿ ಒಂದು ಪ್ರತಿಯನ್ನು ಆಯಾ ಮನೆಗೆ ಕೊಡಿ. ಗೌರವಧನ ಮುನ್ನುಡಿ ಬರೆದವರಿಗೆ ಕೊಡ್ತೀರಲ್ಲ, ಹಾಡಿದವರಿಗೂ ಕೊಡಿ.

ಆ ಮೇಷ್ಟ್ರಿಗೆ ಫೋನ್ ಮಾಡಿದ್ದೆ. ನಿವೃತ್ತರಾಗಿದ್ದಾರೆ. ಅಜ್ಜಿ ಹೆಸರು ಹೇಳಿದೆ, ನೆನಪಿಲ್ಲ ಅಂದ್ರು. ಮುದ್ದೆ ಸಾರು ನೆನಪಿದೆಯಂತೆ. ಕ್ಯಾಸೆಟ್ ವಿಭಾಗದ ಅಲ್ಮೇರಾದಲ್ಲೇ ಇರಬೇಕು, ಬೀಗದ ಕೈ ಯಾರ ಹತ್ರ ಇದೆಯೋ ಗೊತ್ತಿಲ್ಲ ಅಂದ್ರು. ಅಜ್ಜಿ ಹೋಗಿ ಒಂಬತ್ತು ವರ್ಷ ಆಯ್ತು. ಅವಳ ದನಿ ನಮ್ಮ ಮನೆಯವರ ಯಾರ ಫೋನಿನಲ್ಲೂ ಇಲ್ಲ. ಆ ಮೂರು ಕ್ಯಾಸೆಟ್ಟಿನಲ್ಲಿ ಮಾತ್ರ ಇದೆ. ಮುಂದಿನ ವಾರ ರಜೆ ಹಾಕಿ ಆ ಬೀಗದ ಕೈ ಹುಡುಕೋಕೆ ಹೋಗ್ತಾ ಇದ್ದೀನಿ.